ಸೋಲಿಗೂ ನಿಯಮ ಬರೆದ ಅಡ್ಮಿರಲ್

1965ರ ಸೆಪ್ಟೆಂಬರ್ ತಿಂಗಳಲ್ಲಿ, ಹದಿಮೂರು ದಿನಗಳ ಅಂತರದಲ್ಲಿ, ಇಬ್ಬರು ಯುದ್ಧವಿಮಾನ ಪೈಲಟ್‌ಗಳು ಶತ್ರುಗಳ ಕೈಗೆ ಸಿಕ್ಕಿಬಿದ್ದರು. ಒಬ್ಬರ ಕಥೆ ಕನ್ನಡಿಗರಿಗೆ ಹೊಸದಲ್ಲ. ಸೆಪ್ಟೆಂಬರ್ 22ರಂದು, ಭಾರತ-ಪಾಕಿಸ್ತಾನ ಯುದ್ಧ ಇನ್ನೇನು ನಿಲ್ಲಲಿದೆ ಎನ್ನುವಾಗ, ಹಂಟರ್ ವಿಮಾನ ಹಾರಿಸುತ್ತಿದ್ದ ಕೊಡಗಿನ ನಂದಾ ಕಾರ್ಯಪ್ಪ ಗುಂಡಿನೇಟು ತಿಂದ ವಿಮಾನದಿಂದ ಜಿಗಿದು ಪಾಕಿಸ್ತಾನದ ಸೆರೆಯಾಳಾದರು. ನಂದಾ ಅವರ ತಂದೆ ಜನರಲ್ ಕೆ.ಎಂ. ಕಾರ್ಯಪ್ಪ ಅವರ ಕೈಕೆಳಗೆ ಹಿಂದೊಮ್ಮೆ ದುಡಿದಿದ್ದ ಅಯೂಬ್ ಖಾನ್ ಆಗ ಪಾಕಿಸ್ತಾನದ ಅಧ್ಯಕ್ಷರು. ಮಗನನ್ನು ಬಿಡುಗಡೆ ಮಾಡುತ್ತೇವೆ ಎಂದು ಅವರು ಹೇಳಿಕಳಿಸಿದಾಗ, ಅಲ್ಲಿರುವ ಕೈದಿಗಳೆಲ್ಲರೂ ನನ್ನ ಮಕ್ಕಳೇ, ಇವನೊಬ್ಬನಿಗೆ ವಿಶೇಷ ಸವಲತ್ತು ಬೇಡ ಎಂದು ತಂದೆ ಉತ್ತರಿಸಿದ ಪ್ರಸಂಗ ಇಂದಿಗೂ ಮಡಿಕೇರಿಯ ಕಡೆ ಹೆಮ್ಮೆಯಿಂದ ಹೇಳಿಕೊಳ್ಳುವಂಥದ್ದು.

ಇನ್ನೊಬ್ಬರು ಅಮೆರಿಕದ ನೌಕಾಪಡೆಯ ಪೈಲಟ್, ಕಮಾಂಡರ್ ಜೇಮ್ಸ್ ಬಾಂಡ್ ಸ್ಟಾಕ್‌ಡೇಲ್. ಹೆಸರು ಓದಿ ನಗು ಬಂದರೆ ತಪ್ಪಿಲ್ಲ. ಇಯಾನ್ ಫ್ಲೆಮಿಂಗ್ ತನ್ನ ಗೂಢಚಾರನಿಗೆ ಆ ಹೆಸರಿಡುವ ಮೂರು ದಶಕ ಮೊದಲೇ, 1923ರ ಡಿಸೆಂಬರ್ 23ರಂದು ಇವರು ಹುಟ್ಟಿದ್ದರು. ಸೆಪ್ಟೆಂಬರ್ 9ರಂದು ಉತ್ತರ ವಿಯೆಟ್ನಾಂ ಮೇಲೆ ಅವರ ವಿಮಾನ ಬಿತ್ತು. ನಂದಾ ಕಾರ್ಯಪ್ಪ ಕೆಲವು ತಿಂಗಳಲ್ಲಿ ತಾಯ್ನಾಡಿಗೆ ಮರಳಿದರು. ಸ್ಟಾಕ್‌ಡೇಲ್ ಮನೆ ಸೇರಲು ಏಳೂವರೆ ವರ್ಷ ಹಿಡಿಯಿತು. ಆ ಏಳೂವರೆ ವರ್ಷದಲ್ಲಿ ಅವರು ಮಾಡಿದ ಕೆಲಸವೇ ಅವರನ್ನು ಅಡ್ಮಿರಲ್ ಆಗಿಸಿತು ಎನ್ನಬಹುದು. ಆದರೆ ಅದು ನಾವು ಸಾಮಾನ್ಯವಾಗಿ ಶೌರ್ಯ ಎಂದು ಕರೆಯುವ ಕೆಲಸವಲ್ಲ.

ಮ್ಯಾನೇಜ್‌ಮೆಂಟ್ ಪುಸ್ತಕಗಳನ್ನು ಓದುವವರಿಗೆ ‘ಸ್ಟಾಕ್‌ಡೇಲ್ ಪ್ಯಾರಡಾಕ್ಸ್’ ಗೊತ್ತಿರುತ್ತದೆ. ಜಿಮ್ ಕಾಲಿನ್ಸ್ 2001ರ ತಮ್ಮ ‘ಗುಡ್ ಟು ಗ್ರೇಟ್’ ಪುಸ್ತಕದಲ್ಲಿ ಅದಕ್ಕೆ ಆ ಹೆಸರು ಕೊಟ್ಟರು. ಸೆರೆಮನೆಯಲ್ಲಿ ಯಾರು ಉಳಿಯಲಿಲ್ಲ ಎಂದು ಕಾಲಿನ್ಸ್ ಕೇಳಿದಾಗ ಸ್ಟಾಕ್‌ಡೇಲ್ ಬೆರಳು ತೋರಿದ್ದು ಆಶಾವಾದಿಗಳ ಕಡೆಗೆ. ಕ್ರಿಸ್‌ಮಸ್‌ಗೆ ಮನೆಗೆ ಹೋಗುತ್ತೇವೆ ಎಂದುಕೊಂಡವರು, ಅದು ಕಳೆದ ಮೇಲೆ ಈಸ್ಟರ್‌ಗೆ ಎಂದುಕೊಂಡವರು, ಮತ್ತೆ ಮತ್ತೆ ಗಡುವು ಮುಂದೂಡಿ ಕೊನೆಗೆ ಎದೆಯೊಡೆದು ಹೋದರಂತೆ. ಕೊನೆಗೆ ಗೆಲ್ಲುತ್ತೇನೆಂಬ ನಂಬಿಕೆ ಬಿಡಬಾರದು, ಕಣ್ಣೆದುರಿನ ಕಠೋರ ಸತ್ಯವನ್ನೂ ಮುಚ್ಚಿಕೊಳ್ಳಬಾರದು: ಇಷ್ಟು ಹೇಳಿ ತರಬೇತಿ ಶಿಬಿರಗಳು ಮುಗಿದುಹೋಗುತ್ತವೆ. ಮಾತು ನಿಜವೇ. ಆದರೆ ಅದು ಒಬ್ಬ ವ್ಯಕ್ತಿಯ ಮನೋಬಲದ ಮಾತಾಯಿತು. ಸ್ಟಾಕ್‌ಡೇಲ್ ಸಾಧಿಸಿದ್ದು ಅದಕ್ಕಿಂತ ದೊಡ್ಡದು. ಚಿತ್ರಹಿಂಸೆಗೆ ಸೋತು ಬಾಯಿ ಬಿಟ್ಟವರನ್ನೂ ಒಳಗೊಳ್ಳುವಂಥ ಒಂದು ಕಾನೂನನ್ನು ಅವರು ಕತ್ತಲ ಕೋಣೆಯಲ್ಲಿ ಕುಳಿತು ರೂಪಿಸಿದರು. ಅದು ಹೇಗೆ ಎಂಬುದನ್ನು ತಿಳಿಯಲು ಸ್ವಲ್ಪ ಹಿಂದಿನಿಂದ ಬರಬೇಕು.

ಇಲಿನಾಯ್ ರಾಜ್ಯದ ಅಬಿಂಗ್ಡನ್ ಎಂಬ ಸಣ್ಣ ಊರು ಅವರದು. ತಂದೆ ಅಲ್ಲಿನ ಪಿಂಗಾಣಿ ಕಾರ್ಖಾನೆಯಲ್ಲಿ ಅಧಿಕಾರಿ. ಮಗ ಅನಾಪೊಲಿಸ್‌ನ ನೌಕಾ ಅಕಾಡೆಮಿ ಸೇರಿ 1946ರಲ್ಲಿ ಪದವಿ ಪಡೆದ. ಮುಂದೆ ಅಧ್ಯಕ್ಷರಾದ ಜಿಮ್ಮಿ ಕಾರ್ಟರ್ ಅದೇ ತಂಡದವರು. 1950ರಲ್ಲಿ ಸ್ಟಾಕ್‌ಡೇಲ್ ಎದೆಯ ಮೇಲೆ ಪೈಲಟ್‌ನ ರೆಕ್ಕೆ ಬಂತು. 1954ರಲ್ಲಿ ಪಟಕ್ಸೆಂಟ್ ರಿವರ್‌ನ ಪರೀಕ್ಷಾ ಪೈಲಟ್‌ಗಳ ಶಾಲೆಗೆ ಹೋದರು. ಅಲ್ಲಿ ಗಣಿತ, ಭೌತಶಾಸ್ತ್ರಗಳಲ್ಲಿ ಹಿಂದೆ ಬಿದ್ದಿದ್ದ ಸಹಪಾಠಿಯೊಬ್ಬರಿಗೆ ಪಾಠ ಹೇಳಿಕೊಟ್ಟರು. ಆ ಸಹಪಾಠಿ ಜಾನ್ ಗ್ಲೆನ್, ಮುಂದೆ ಭೂಮಿಯನ್ನು ಸುತ್ತಿ ಬಂದ ಮೊದಲ ಅಮೆರಿಕನ್.

ನೌಕಾಪಡೆಯ ಪೈಲಟ್‌ನ ಕಸುಬು ವಾಯುಪಡೆಯವರದ್ದಕ್ಕಿಂತ ಒಂದು ವಿಷಯದಲ್ಲಿ ಬೇರೆ. ಮರಳಿ ಬರುವಾಗ ಇಳಿಯಬೇಕಾದ ನೆಲವೇ ಅಲುಗಾಡುತ್ತಿರುತ್ತದೆ. ವಿಮಾನವಾಹಕ ನೌಕೆಯ ಅಟ್ಟದ ಮೇಲೆ ಅಡ್ಡಲಾಗಿ ಉಕ್ಕಿನ ಹಗ್ಗಗಳನ್ನು ಬಿಗಿದಿರುತ್ತಾರೆ. ವಿಮಾನದ ಬಾಲಕ್ಕೆ ಒಂದು ಕೊಕ್ಕೆ. ಆ ಕೊಕ್ಕೆ ಯಾವುದಾದರೊಂದು ಹಗ್ಗಕ್ಕೆ ಸಿಕ್ಕಿಕೊಂಡರೆ ಎರಡು ಮೂರು ಸೆಕೆಂಡಿನಲ್ಲಿ ವಿಮಾನ ನಿಲ್ಲುತ್ತದೆ. ಸಿಗದಿದ್ದರೆ? ಅದಕ್ಕಾಗಿಯೇ ಚಕ್ರ ಅಟ್ಟಕ್ಕೆ ತಾಗಿದ ಕೂಡಲೇ ಪೈಲಟ್ ಎಂಜಿನ್ನಿನ ವೇಗ ತಗ್ಗಿಸುವುದಿಲ್ಲ, ಪೂರ್ತಿ ಏರಿಸುತ್ತಾನೆ. ಕೊಕ್ಕೆ ತಪ್ಪಿದ್ದರೆ ಅದೇ ಓಟದಲ್ಲಿ ಮತ್ತೆ ಹಾರಿ ಇನ್ನೊಂದು ಸುತ್ತು ಬರಬೇಕು. ಇಳಿಯುವ ಪ್ರತಿಯೊಬ್ಬನೂ ತಾನು ತಪ್ಪಿದ್ದೇನೆ ಎಂದುಕೊಂಡೇ ಇಳಿಯುವ ವಿದ್ಯೆ ಇದು. ತಪ್ಪುವುದು ಅಲ್ಲಿ ಅವಮಾನವಲ್ಲ, ಲೆಕ್ಕಕ್ಕೆ ಹಿಡಿದಿಟ್ಟ ಸಂಗತಿ. ಕ್ರುಸೇಡರ್ ಜೆಟ್ಟನ್ನು ಸಾವಿರ ಗಂಟೆಗೂ ಮೀರಿ ಹಾರಿಸಿದ ಸ್ಟಾಕ್‌ಡೇಲ್‌ಗೆ ಆ ಪಾಠ ಮೈಗೂಡಿತ್ತು.

ನಡುವೆ ನೌಕಾಪಡೆ ಅವರನ್ನು ಎರಡು ವರ್ಷ ಸ್ಟ್ಯಾನ್‌ಫರ್ಡ್ ವಿಶ್ವವಿದ್ಯಾಲಯಕ್ಕೆ ಓದಲು ಕಳಿಸಿತು. ಅಂತರರಾಷ್ಟ್ರೀಯ ಸಂಬಂಧಗಳ ಓದು ಬೇಸರ ತಂದು ಅವರು ತತ್ವಶಾಸ್ತ್ರ ವಿಭಾಗದ ಕಡೆ ಕಾಲು ಹಾಕಿದಾಗ ಸಿಕ್ಕ ಗುರು ಫಿಲಿಪ್ ರೈನ್‌ಲ್ಯಾಂಡರ್. ಬೀಳ್ಕೊಡುವಾಗ ಆ ಗುರು ಕೈಗಿತ್ತದ್ದು ಎಪಿಕ್ಟೀಟಸ್‌ನ ಒಂದು ಪುಟ್ಟ ಕೈಪಿಡಿ. ಎಪಿಕ್ಟೀಟಸ್ ರೋಮನ್ ಸಾಮ್ರಾಜ್ಯದಲ್ಲಿ ಗುಲಾಮನಾಗಿ ಬದುಕಿ, ಕಾಲು ಊನವಾಗಿ, ಆಮೇಲೆ ಬಿಡುಗಡೆ ಪಡೆದು ಗುರುವಾದವನು. ಯಾವುದು ನಮ್ಮ ಕೈಯಲ್ಲಿದೆ, ಯಾವುದು ಇಲ್ಲ ಎಂಬುದನ್ನು ಮೊದಲು ಬಿಡಿಸಿಕೊಳ್ಳಿ ಎನ್ನುವುದು ಅವನ ಬೋಧನೆಯ ಸಾರ. ಮೈ, ಆಸ್ತಿ, ಹೆಸರು, ಪದವಿ ನಮ್ಮ ಕೈಯಲ್ಲಿಲ್ಲ. ನಮ್ಮ ನಿರ್ಧಾರ, ನಮ್ಮ ಸಂಕಲ್ಪ ನಮ್ಮ ಕೈಯಲ್ಲಿವೆ. ಗೀತೆಯ ಸ್ಥಿತಪ್ರಜ್ಞನನ್ನು ಬಲ್ಲ ನಮಗೆ ಇದು ಪರಿಚಿತ ದಾರಿ. ಫೈಟರ್ ಪೈಲಟ್‌ಗೆ ಇದರಿಂದ ಏನು ಉಪಯೋಗ ಎಂದು ಮೊದಲು ಅನಿಸಿದರೂ, ಸ್ಟಾಕ್‌ಡೇಲ್ ಆ ಪುಸ್ತಕವನ್ನು ಹಡಗಿನ ಮಂಚದ ಪಕ್ಕದಲ್ಲೇ ಇಟ್ಟುಕೊಂಡು ಮತ್ತೆ ಮತ್ತೆ ಓದಿದರು.

1964ರ ಆಗಸ್ಟ್ ತಿಂಗಳಲ್ಲಿ ಅವರು ಇತಿಹಾಸದ ನಟ್ಟನಡುವೆ ನಿಂತಿದ್ದರು, ಅಲ್ಲ, ಹಾರುತ್ತಿದ್ದರು. ಆಗಸ್ಟ್ 2ರಂದು ಟೊಂಕಿನ್ ಕೊಲ್ಲಿಯಲ್ಲಿ ಉತ್ತರ ವಿಯೆಟ್ನಾಮಿನ ಮೂರು ಟಾರ್ಪೆಡೊ ದೋಣಿಗಳು ಅಮೆರಿಕದ ‘ಮ್ಯಾಡಾಕ್ಸ್’ ಯುದ್ಧನೌಕೆಯ ಮೇಲೆ ಎರಗಿದ್ದು ನಿಜ. ಅವನ್ನು ಅಟ್ಟಿದ ಕ್ರುಸೇಡರ್‌ಗಳ ಮುಂದಾಳು ಸ್ಟಾಕ್‌ಡೇಲ್. ಎರಡು ದಿನ ಬಿಟ್ಟು, ಆಗಸ್ಟ್ 4ರ ರಾತ್ರಿ, ಮತ್ತೆ ದಾಳಿಯಾಗಿದೆ ಎಂಬ ಸಂದೇಶ ಬಂತು. ‘ಟೈಕಾಂಡರೋಗ’ ನೌಕೆಯಿಂದ ಹಾರಿಬಂದ ಸ್ಟಾಕ್‌ಡೇಲ್ ಗಾಢ ಕತ್ತಲೆಯಲ್ಲಿ, ಕೆಟ್ಟ ಹವೆಯಲ್ಲಿ, ಸಮುದ್ರಕ್ಕೆ ತೀರಾ ಹತ್ತಿರದಲ್ಲಿ ಒಂದೂವರೆ ಗಂಟೆ ಸುತ್ತಿದರು. ಕಂಡದ್ದು ಅಮೆರಿಕದ್ದೇ ಎರಡು ಹಡಗುಗಳು, ಅವು ಖಾಲಿ ನೀರಿನ ಮೇಲೆ ಹಾರಿಸುತ್ತಿದ್ದ ಗುಂಡುಗಳು. ದೋಣಿಯೊಂದೂ ಇರಲಿಲ್ಲ.

ಮರುದಿನ ಬೆಳಗ್ಗೆ ಅವರನ್ನು ಎಬ್ಬಿಸಿ ಹೇಳಿದ್ದು, ಪ್ರತೀಕಾರದ ದಾಳಿಗೆ ಹೊರಡಬೇಕು ಎಂದು. ಯಾವುದಕ್ಕೆ ಪ್ರತೀಕಾರ ಎಂಬ ಪ್ರಶ್ನೆ ಎದ್ದರೂ ಅಪ್ಪಣೆಯಂತೆ ವಿನ್ ಎಂಬಲ್ಲಿನ ತೈಲ ಸಂಗ್ರಹಾಗಾರದ ಮೇಲಿನ ದಾಳಿಯ ಮುಂದಾಳತ್ವ ವಹಿಸಿದರು. ಆಗಸ್ಟ್ 7ರಂದು ಅಮೆರಿಕದ ಸಂಸತ್ತು ಅಧ್ಯಕ್ಷ ಲಿಂಡನ್ ಜಾನ್ಸನ್ ಅವರಿಗೆ ಯುದ್ಧದ ಪೂರ್ಣ ಅಧಿಕಾರ ಕೊಟ್ಟಿತು. ಕೆಳಮನೆಯಲ್ಲಿ 416 ಮತ, ವಿರೋಧ ಸೊನ್ನೆ. ಸೆನೆಟ್‌ನಲ್ಲಿ 88 ಮತ, ವಿರೋಧ ಎರಡೇ. ಎರಡನೆಯ ದಾಳಿ ನಡೆಯಲೇ ಇಲ್ಲ ಎಂದು ಅಮೆರಿಕದ ರಾಷ್ಟ್ರೀಯ ಭದ್ರತಾ ಸಂಸ್ಥೆಯ ಒಳಗಿನ ಅಧ್ಯಯನವೇ ಹೇಳಿತ್ತು. ಅದು ಸಾರ್ವಜನಿಕರ ಕೈಗೆ ಬಂದದ್ದು 2005ರ ಕೊನೆಯಲ್ಲಿ, ಸ್ಟಾಕ್‌ಡೇಲ್ ತೀರಿಕೊಂಡ ಕೆಲವೇ ತಿಂಗಳ ಮೇಲೆ. ಆ ಯುದ್ಧದಲ್ಲಿ ಸತ್ತ ಅಮೆರಿಕನ್ನರು ಐವತ್ತೆಂಟು ಸಾವಿರಕ್ಕೂ ಹೆಚ್ಚು. ವಿಯೆಟ್ನಾಮಿನವರ ಲೆಕ್ಕ ದಶಲಕ್ಷಗಳಲ್ಲಿದೆ.

ಸೆರೆ ಸಿಕ್ಕಾಗ ಸ್ಟಾಕ್‌ಡೇಲ್ ತಲೆಯಲ್ಲಿದ್ದ ದೊಡ್ಡ ಗುಟ್ಟು ಇದೇ. ಯುದ್ಧ ಶುರುವಾದದ್ದೇ ಸುಳ್ಳಿನ ಮೇಲೆ ಎಂದು ಒಬ್ಬ ಹಿರಿಯ ಪೈಲಟ್ ಕ್ಯಾಮೆರಾ ಎದುರು ಹೇಳಿದರೆ ಹನೋಯ್‌ಗೆ ಅದಕ್ಕಿಂತ ದೊಡ್ಡ ಪ್ರಚಾರ ಬೇಕಿರಲಿಲ್ಲ. ಹಿಂಸೆ ತಾಳಲಾರದೆ ಅದನ್ನು ಉಸುರಿಬಿಟ್ಟೇನು ಎಂಬ ಭಯ ಅವರನ್ನು ಕೊನೆಯವರೆಗೂ ಕಾಡಿತು. ಸರ್ಕಾರದ ಸುಳ್ಳು ಗೊತ್ತಿದ್ದೂ, ಅದೇ ಸರ್ಕಾರದ ಸಮವಸ್ತ್ರಕ್ಕಾಗಿ ಏಟು ತಿಂದ ಮನುಷ್ಯನನ್ನು ದೇಶಭಕ್ತ ಎಂಬ ಒಂದೇ ಮಾತಿನಲ್ಲಿ ಹಿಡಿದಿಡಲು ಬರುವುದಿಲ್ಲ. ಹಾಗೆಯೇ, ಬಾಂಬು ಬಿದ್ದ ಊರಿನವರು ಅವರನ್ನು ಹೂವಿನ ಹಾರ ಹಾಕಿ ಸ್ವಾಗತಿಸುವುದೂ ಸಾಧ್ಯವಿರಲಿಲ್ಲ.

1965ರ ಸೆಪ್ಟೆಂಬರ್ 9ರಂದು ‘ಒರಿಸ್ಕಾನಿ’ ನೌಕೆಯ ಇಡೀ ವಿಮಾನ ದಳದ ಮುಖ್ಯಸ್ಥರಾಗಿದ್ದ ಅವರು ಎ-4 ಸ್ಕೈಹಾಕ್ ಹಾರಿಸುತ್ತಿದ್ದರು. ವಿಮಾನಕ್ಕೆ ನೆಲದ ತೋಪುಗಳ ಏಟು ಬಿದ್ದು ಜಿಗಿಯಬೇಕಾಯಿತು. ಪ್ಯಾರಾಚೂಟ್ ಹಿಡಿದು ಇಳಿಯುವ ಆ ಕೆಲವೇ ಕ್ಷಣಗಳಲ್ಲಿ, ಇನ್ನು ಐದು ವರ್ಷವಾದರೂ ಇಲ್ಲೇ, ಯಂತ್ರಗಳ ಲೋಕ ಮುಗಿಯಿತು, ಇನ್ನು ಎಪಿಕ್ಟೀಟಸ್‌ನ ಲೋಕ ಎಂದು ತಮಗೆ ತಾವೇ ಹೇಳಿಕೊಂಡದ್ದಾಗಿ ಮುಂದೆ ನೆನೆದಿದ್ದಾರೆ. ಬಿದ್ದದ್ದು ಹಳ್ಳಿಯೊಂದರ ಬೀದಿಗೆ. ಜನ ಮುತ್ತಿ ಬಡಿದರು. ಕಾಲು ಮುರಿಯಿತು. ಸರಿಯಾದ ಚಿಕಿತ್ಸೆ ಸಿಗದೆ ಆ ಕಾಲು ಜೀವನಪರ್ಯಂತ ಬಾಗದ ಕಾಲಾಗಿಯೇ ಉಳಿಯಿತು. ಗುರುವಿನಂತೆ ಶಿಷ್ಯನೂ ಕುಂಟಬೇಕಾಯಿತು.

ಹನೋಯ್‌ನ ಹೋವಾ ಲೋ ಸೆರೆಮನೆಯನ್ನು ಕಟ್ಟಿದವರು ಫ್ರೆಂಚರು, ವಿಯೆಟ್ನಾಮಿನ ಸ್ವಾತಂತ್ರ್ಯ ಹೋರಾಟಗಾರರನ್ನು ಕೂಡಿಹಾಕಲು. ಅಮೆರಿಕನ್ ಕೈದಿಗಳು ವ್ಯಂಗ್ಯವಾಗಿ ಅದಕ್ಕಿಟ್ಟ ಹೆಸರು ‘ಹನೋಯ್ ಹಿಲ್ಟನ್’. ಯುದ್ಧ ಘೋಷಣೆಯೇ ಆಗಿಲ್ಲ, ಆದ್ದರಿಂದ ನೀವು ಯುದ್ಧಕೈದಿಗಳಲ್ಲ, ಯುದ್ಧಾಪರಾಧಿಗಳು ಎಂಬುದು ಉತ್ತರ ವಿಯೆಟ್ನಾಂ ವಾದ. ಅಲ್ಲಿ ಹಿಂಸೆ ಕೊಡುತ್ತಿದ್ದದ್ದು ಸೇನಾ ರಹಸ್ಯಕ್ಕಾಗಿ ಅಷ್ಟಾಗಿ ಅಲ್ಲ. ಬೇಕಿದ್ದದ್ದು ತಪ್ಪೊಪ್ಪಿಗೆಯ ಪತ್ರ, ರೇಡಿಯೊ ಭಾಷಣ, ವಿದೇಶಿ ಅತಿಥಿಗಳ ಎದುರು ನಾವಿಲ್ಲಿ ಸುಖವಾಗಿದ್ದೇವೆ ಎಂಬ ಹೇಳಿಕೆ. ಅದಕ್ಕೆ ಬಳಸುತ್ತಿದ್ದ ಸಾಧನ ಹಗ್ಗ. ತೋಳುಗಳನ್ನು ಹಿಂದಕ್ಕೆ ಬಿಗಿದು, ರಕ್ತ ಓಡದಂತೆ ಮಾಡಿ, ಭುಜದ ಕೀಲು ಕಳಚುವ ಹಾಗೆ ಮುಂದಕ್ಕೆ ಬಗ್ಗಿಸುತ್ತಿದ್ದರು. ಸ್ಟಾಕ್‌ಡೇಲ್ ಹದಿನೈದು ಬಾರಿ ಚಿತ್ರಹಿಂಸೆ ಅನುಭವಿಸಿದರು. ನಾಲ್ಕು ವರ್ಷಕ್ಕೂ ಹೆಚ್ಚು ಒಂಟಿ ಕೋಣೆ, ಎರಡು ವರ್ಷ ಕಾಲಿಗೆ ಕೋಳ.

ಅಮೆರಿಕದ ಸೈನಿಕರಿಗೆ 1955ರಿಂದ ಒಂದು ನಡಾವಳಿ ಸಂಹಿತೆ ಇತ್ತು. ಕೊರಿಯಾ ಯುದ್ಧದ ಅನುಭವದ ಮೇಲೆ ಅಧ್ಯಕ್ಷ ಐಸೆನ್‌ಹೋವರ್ ಜಾರಿಗೊಳಿಸಿದ್ದು. ಸೆರೆ ಸಿಕ್ಕರೆ ಹೆಸರು, ಹುದ್ದೆ, ಸೇವಾ ಸಂಖ್ಯೆ, ಜನ್ಮದಿನಾಂಕ ಇಷ್ಟನ್ನು ಮಾತ್ರ ಹೇಳಬೇಕು ಎಂಬುದು ಅದರ ಪ್ರಸಿದ್ಧ ಭಾಗ. ಪೈಲಟ್‌ಗಳು ಅದನ್ನು ಅಕ್ಷರಶಃ ನಂಬಿಕೊಂಡು ಹೋದರು. ಹಗ್ಗ ಬಿಗಿದಾಗ ಬಹುತೇಕ ಯಾರೂ ಅದನ್ನು ಉಳಿಸಿಕೊಳ್ಳಲಾಗಲಿಲ್ಲ. ಹೆಚ್ಚುಕಡಿಮೆ ಎಲ್ಲರೂ ಒಂದಲ್ಲ ಒಂದು ಹಂತದಲ್ಲಿ ಬಾಯಿ ಬಿಟ್ಟರು, ಸ್ಟಾಕ್‌ಡೇಲ್ ಕೂಡ.

ನಿಜವಾದ ಅಪಾಯ ಶುರುವಾಗುತ್ತಿದ್ದದ್ದು ಆಮೇಲೆ. ಬಾಯಿ ಬಿಟ್ಟವನನ್ನು ಕೋಣೆಗೆ ತಂದು ಎಸೆಯುತ್ತಿದ್ದರು. ತಾನೊಬ್ಬನೇ ಸೋತೆ, ತಾನು ದ್ರೋಹಿ, ಪಕ್ಕದ ಕೋಣೆಯವರು ಗಟ್ಟಿಗರು, ಅವರಿಗೆ ಯಾವ ಮುಖ ತೋರಿಸಲಿ ಎಂದು ಅವನು ಕುಗ್ಗುತ್ತಿದ್ದ. ಪಕ್ಕದ ಕೋಣೆಯವನದ್ದೂ ಅದೇ ಕಥೆ ಎಂದು ಅವನಿಗೆ ತಿಳಿಯುವ ದಾರಿಯೇ ಇರಲಿಲ್ಲ. ನಾಚಿಕೆ ಒಬ್ಬೊಬ್ಬರನ್ನೂ ಒಂಟಿಯಾಗಿಸುತ್ತಿತ್ತು. ಒಂಟಿಯಾದವನನ್ನು ಎರಡನೆಯ ಸಲ ಬಗ್ಗಿಸುವುದು ಸುಲಭ. ಹಗ್ಗಕ್ಕಿಂತ ನಾಚಿಕೆಯೇ ಜೈಲಿನ ದೊಡ್ಡ ಅಸ್ತ್ರ ಎಂಬುದನ್ನು ಸ್ಟಾಕ್‌ಡೇಲ್ ಕಂಡುಕೊಂಡರು.

ಇದಕ್ಕೆ ಮದ್ದು ಗೋಡೆಯಲ್ಲೇ ಇತ್ತು. ವಾಯುಪಡೆಯ ಕಾರ್ಲೈಲ್ ಹ್ಯಾರಿಸ್ ಎಂಬ ಕೈದಿ ತರಬೇತಿಯ ದಿನಗಳಲ್ಲಿ ಕೇಳಿದ್ದ ಒಂದು ತಟ್ಟುಲಿಪಿಯನ್ನು ನೆನಪಿಟ್ಟು 1965ರಲ್ಲಿ ಎಲ್ಲರಿಗೂ ದಾಟಿಸಿದ್ದರು. ಇಂಗ್ಲಿಷ್ ಅಕ್ಷರಮಾಲೆಯಿಂದ ‘ಕೆ’ ತೆಗೆದರೆ ಉಳಿಯುವುದು ಇಪ್ಪತ್ತೈದು ಅಕ್ಷರ. ಅವನ್ನು ಐದು ಸಾಲು, ಐದು ಕಂಬಸಾಲುಗಳ ಚೌಕದಲ್ಲಿ ಜೋಡಿಸಬೇಕು. ಮೊದಲು ಎಷ್ಟನೆಯ ಸಾಲು ಎಂದು ತಟ್ಟಬೇಕು, ಒಂದು ಕ್ಷಣ ಬಿಟ್ಟು ಆ ಸಾಲಿನಲ್ಲಿ ಎಷ್ಟನೆಯ ಅಕ್ಷರ ಎಂದು. ‘ಜಿ’ಗೆ ಎರಡು, ಎರಡು. ‘ಬಿ’ಗೆ ಒಂದು, ಎರಡು. ‘ಯು’ಗೆ ನಾಲ್ಕು, ಐದು. ಈ ಮೂರು ಅಕ್ಷರ ಸೇರಿದರೆ ‘ದೇವರು ನಿನಗೆ ಒಳ್ಳೆಯದು ಮಾಡಲಿ’ ಎಂಬ ಇಂಗ್ಲಿಷ್ ಹಾರೈಕೆಯ ಮೊದಲಕ್ಷರಗಳು. ರಾತ್ರಿ ಮಲಗುವ ಮುನ್ನ ಗೋಡೆಯಿಂದ ಗೋಡೆಗೆ ಈ ಸದ್ದು ಹರಿದಾಡುತ್ತಿತ್ತು. ಬೆರಳಗೆಣ್ಣಿನಿಂದ ತಟ್ಟಲಾಗದ ಕಡೆ ಕೆಮ್ಮಿನಲ್ಲಿ, ಅಂಗಳ ಗುಡಿಸುವ ಪೊರಕೆಯ ಬೀಸಿನಲ್ಲಿ ಅದೇ ಲಿಪಿ ಮಾತಾಡುತ್ತಿತ್ತು. ಸಿಕ್ಕಿಬಿದ್ದರೆ ಮತ್ತೆ ಹಗ್ಗ. ಆದರೂ ಯಾರೂ ನಿಲ್ಲಿಸಲಿಲ್ಲ.

ಹನೋಯ್‌ನಲ್ಲಿದ್ದ ನೌಕಾಪಡೆಯ ಕೈದಿಗಳಲ್ಲಿ ಸ್ಟಾಕ್‌ಡೇಲ್ ಎಲ್ಲರಿಗಿಂತ ಹಿರಿಯರು. ಕೈಕಾಲಿಗೆ ಕೋಳವಿದ್ದರೂ ಅವರು ಕಮಾಂಡರ್ ಆಗಿಯೇ ಇದ್ದರು. ಹೊಸದಾಗಿ ಬಂದವನಿಗೆ ಗೋಡೆ ಮೊದಲು ಹೇಳುತ್ತಿದ್ದದ್ದು ಇಷ್ಟು: ಇಲ್ಲಿ ಎಲ್ಲರೂ ಮುರಿದವರೇ, ನೀನೊಬ್ಬನೇ ಅಲ್ಲ. ಆಮೇಲೆ ನಿಯಮಗಳು. ತಟ್ಟಲು, ನೆನಪಿಡಲು ಸುಲಭವಾಗಲೆಂದು ಅವನ್ನು ‘ಬ್ಯಾಕ್ ಅಸ್’ ಎಂಬ ಎರಡು ಪುಟ್ಟ ಪದಗಳಲ್ಲಿ ಅಡಗಿಸಿದ್ದರು. ಸಾರ್ವಜನಿಕವಾಗಿ ಶತ್ರುವಿಗೆ ತಲೆಬಾಗಬೇಡ. ರೇಡಿಯೊದಲ್ಲಿ ಮಾತಾಡಬೇಡ. ಅಪರಾಧ ಮಾಡಿದ್ದೇನೆಂದು ಒಪ್ಪಬೇಡ. ಬಿಡುಗಡೆಯ ದಿನ ಅವರಿಗೆ ಮುತ್ತಿಟ್ಟು ವಂದನೆ ಹೇಳಿ ಹೊರಡಬೇಡ. ಎಲ್ಲಕ್ಕೂ ಮಿಗಿಲಾಗಿ, ನಿನಗಿಂತ ನಮ್ಮ ಒಗ್ಗಟ್ಟು ದೊಡ್ಡದು.

ಇದರ ಜಾಣತನ ಎಲ್ಲಿದೆ ಎಂದರೆ, ಈ ನಿಯಮಗಳು ಎಲ್ಲದಕ್ಕೂ ಪ್ರಾಣ ಕೊಡು ಎನ್ನುವುದಿಲ್ಲ. ಈ ಕೆಲವೇ ಕೆಲವು ವಿಷಯಗಳಿಗೆ ಮಾತ್ರ ನೋವು ತಿನ್ನು, ನಿಜವಾದ ಹಿಂಸೆ ಬರುವ ತನಕ ಒಪ್ಪಬೇಡ, ತಾಳಲಾರದೆ ಹೋದಾಗ ಆದಷ್ಟು ಕಡಿಮೆ ಕೊಡು, ಅದನ್ನು ಬಂದು ಗೋಡೆಗೆ ಹೇಳು, ಚೇತರಿಸಿಕೊಂಡು ನಾಳೆ ಮತ್ತೆ ಮೊದಲಿನಿಂದ ಎದುರಾಗು. ಒಮ್ಮೆ ಗೆದ್ದ ಕೈದಿಯನ್ನು ಜೈಲಿನವರು ಪ್ರತಿ ಸಲವೂ ಹೊಸದಾಗಿ ಗೆಲ್ಲಬೇಕಾಯಿತು. ಅಮೆರಿಕದ ರಕ್ಷಣಾ ಇಲಾಖೆಯ ಸಂಹಿತೆ ಮಾಡಲಾಗದ್ದನ್ನು ಈ ಗೋಡೆಯ ಸಂಹಿತೆ ಮಾಡಿತು. ಅದು ಪಾಲಿಸಲು ಸಾಧ್ಯವಿದ್ದ ಕಾನೂನು.

1967ರ ಅಕ್ಟೋಬರ್‌ನಲ್ಲಿ ಸ್ಟಾಕ್‌ಡೇಲ್ ಸೇರಿದಂತೆ ಹನ್ನೊಂದು ಮಂದಿ ‘ಕಿಡಿಗೇಡಿ’ಗಳನ್ನು ಬೇರೆಡೆಗೆ ಸಾಗಿಸಿ ಕಿಟಕಿಯಿಲ್ಲದ ಪುಟ್ಟ ಗೂಡುಗಳಿಗೆ ತಳ್ಳಿದರು. ಅವರಲ್ಲೊಬ್ಬರು ಜೆರೆಮಯ್ಯಾ ಡೆಂಟನ್. ಟಿವಿ ಸಂದರ್ಶನದಲ್ಲಿ ಕಣ್ಣು ಮಿಟುಕಿಸುತ್ತಲೇ ಮೋರ್ಸ್ ಲಿಪಿಯಲ್ಲಿ ‘ಚಿತ್ರಹಿಂಸೆ’ ಎಂದು ಜಗತ್ತಿಗೆ ಸಾರಿದವರು. ಅವರೂ ನೌಕಾ ಪೈಲಟ್, ಮುಂದೆ ರಿಯರ್ ಅಡ್ಮಿರಲ್, ಸೆನೆಟರ್. 1969ರಲ್ಲಿ ಸ್ಟಾಕ್‌ಡೇಲ್ ಅವರನ್ನು ಪ್ರಚಾರ ಚಿತ್ರಕ್ಕಾಗಿ ಸಿಂಗರಿಸಲು ಕ್ಷೌರದ ಬ್ಲೇಡು ಕೊಟ್ಟಾಗ ಅವರು ತಮ್ಮ ನೆತ್ತಿಯನ್ನೇ ಕೊಯ್ದುಕೊಂಡರು. ಟೋಪಿ ಹಾಕಿ ತೋರಿಸುತ್ತೇವೆ ಎಂದಾಗ ಸ್ಟೂಲಿನಿಂದ ಮುಖವನ್ನು ಜಜ್ಜಿಕೊಂಡರು. ಅದೇ ವರ್ಷದ ಸೆಪ್ಟೆಂಬರ್‌ನಲ್ಲಿ, ಗುಪ್ತ ಸಂಪರ್ಕದಲ್ಲಿದ್ದ ಸಂಗಾತಿಗಳ ಹೆಸರು ಹೇಳಿಸಲು ಹೊರಟಾಗ, ಕಿಟಕಿಯ ಗಾಜೊಡೆದು ಮಣಿಕಟ್ಟು ಸೀಳಿಕೊಂಡರು. ಕಾವಲುಗಾರರು ಕಂಡು ಉಳಿಸಿದರು. ಆ ಬಳಿಕ ಅವರನ್ನು ಹಿಂಸಿಸುವುದು ನಿಂತಿತು. ಉತ್ತರ ವಿಯೆಟ್ನಾಂ ನಾಯಕ ಹೋ ಚಿ ಮಿನ್ ತೀರಿಕೊಂಡದ್ದು ಅದೇ ವಾರ. ಮುಂದಿನ ತಿಂಗಳುಗಳಲ್ಲಿ ಇಡೀ ಜೈಲಿನ ವಾತಾವರಣವೇ ಸಡಿಲವಾಯಿತು.

ಆ ಸಡಿಲಿಕೆಗೆ ಇನ್ನೊಂದು ಕಾರಣ ಕ್ಯಾಲಿಫೋರ್ನಿಯಾದ ಕೊರೊನಾಡೊದಲ್ಲಿತ್ತು. ಪತ್ನಿ ಸಿಬಿಲ್ ಸ್ಟಾಕ್‌ಡೇಲ್ ನಾಲ್ವರು ಗಂಡುಮಕ್ಕಳನ್ನು ಸಾಕುತ್ತಲೇ ನೌಕಾ ಗುಪ್ತಚರರೊಂದಿಗೆ ಸೇರಿ ಗಂಡನಿಗೆ ಸಂಕೇತದ ಪತ್ರ ಬರೆಯತೊಡಗಿದ್ದರು. ಒಮ್ಮೆ ಪತ್ರದ ಜೊತೆ ಒಂದು ಫೋಟೊ ಬಂತು. ಸಮುದ್ರದ ನೀರಿನಲ್ಲಿ ನಿಂತ ಹೆಂಗಸು, ಅದು ನಿಮ್ಮಮ್ಮ ಎನ್ನುತ್ತಿತ್ತು ಪತ್ರ. ಆದರೆ ಅದು ಅಮ್ಮನಲ್ಲ. ನೀರು ಎನ್ನುವುದೇ ಸುಳಿವು ಎಂದು ಹೊಳೆದು ಸ್ಟಾಕ್‌ಡೇಲ್ ಫೋಟೊವನ್ನು ಮೂತ್ರದಲ್ಲಿ ನೆನೆಸಿದರು. ಪದರ ಬಿಟ್ಟುಕೊಂಡು ಒಳಗಿನ ಸಂದೇಶ ಕಾಣಿಸಿತು. ಅಂದಿನಿಂದ ಅದೃಶ್ಯ ಬರವಣಿಗೆಯಲ್ಲಿ ಕೈದಿಗಳ ಹೆಸರುಗಳು, ಹಿಂಸೆಯ ವಿವರ ಹೊರಗೆ ಹೋಗತೊಡಗಿದವು. ಬಾಯಿ ಮುಚ್ಚಿಕೊಂಡಿರಿ ಎಂದು ಸರ್ಕಾರ ಕೈದಿಗಳ ಮನೆಯವರಿಗೆ ಹೇಳುತ್ತಿತ್ತು. ಸಿಬಿಲ್ 1968ರಲ್ಲಿ ಆ ಮೌನ ಮುರಿದರು, ಇತರ ಕುಟುಂಬಗಳನ್ನು ಒಗ್ಗೂಡಿಸಿ ಸಂಘ ಕಟ್ಟಿದರು, ಪ್ಯಾರಿಸ್‌ಗೆ ಹೋಗಿ ಉತ್ತರ ವಿಯೆಟ್ನಾಂ ಪ್ರತಿನಿಧಿಗಳನ್ನೇ ಎದುರುಗೊಂಡರು. ಗಂಡ ಒಳಗೆ ಗೋಡೆ ತಟ್ಟುತ್ತಿದ್ದಾಗ ಹೆಂಡತಿ ಹೊರಗೆ ಎರಡೆರಡು ಸರ್ಕಾರಗಳ ಬಾಗಿಲು ಬಡಿಯುತ್ತಿದ್ದರು. ಆಕೆಯ ಪಾಲು ಕಡಿಮೆಯದಲ್ಲ.

1973ರ ಫೆಬ್ರುವರಿ 12ರಂದು ಸ್ಟಾಕ್‌ಡೇಲ್ ಬಿಡುಗಡೆಯಾದರು. ಆ ವರ್ಷ ಒಟ್ಟು 591 ಅಮೆರಿಕನ್ ಕೈದಿಗಳು ಮನೆಗೆ ಮರಳಿದರು. ವಿಮಾನ ಹಾರಿಸಲು ಕಾಲು ಬಿಡಲಿಲ್ಲ; ಆದರೆ ರಿಯರ್ ಅಡ್ಮಿರಲ್ ಆದರು. 1976ರ ಮಾರ್ಚ್ 4ರಂದು ಅಧ್ಯಕ್ಷ ಜೆರಾಲ್ಡ್ ಫೋರ್ಡ್ ದೇಶದ ಅತ್ಯುನ್ನತ ಶೌರ್ಯ ಪದಕ ‘ಮೆಡಲ್ ಆಫ್ ಆನರ್’ ತೊಡಿಸಿದರು. 1977ರಲ್ಲಿ ಅಧ್ಯಕ್ಷ ಕಾರ್ಟರ್ ಸೈನಿಕ ನಡಾವಳಿ ಸಂಹಿತೆಯನ್ನು, ವಿಯೆಟ್ನಾಮಿನಿಂದ ಮರಳಿದವರ ಅನುಭವ ನೋಡಿ, ತಿದ್ದಿದರು. ಅದೇ ವರ್ಷ ನೌಕಾ ಯುದ್ಧ ಕಾಲೇಜಿನ ಅಧ್ಯಕ್ಷರಾದ ಸ್ಟಾಕ್‌ಡೇಲ್, ಯುದ್ಧತಂತ್ರ ಕಲಿಯಲು ಬಂದ ಅಧಿಕಾರಿಗಳಿಗೆ ನೈತಿಕ ಹೊಣೆಗಾರಿಕೆಯ ತತ್ವಶಾಸ್ತ್ರ ಪಾಠ ಮಾಡಿದರು. 1979ರಲ್ಲಿ ವೈಸ್ ಅಡ್ಮಿರಲ್ ಆಗಿ ನಿವೃತ್ತರಾದರು.

ಇಲ್ಲೊಂದು ಮಾತು ಸೇರಿಸಬೇಕು. ಸೋತವರನ್ನು ಕ್ಷಮಿಸಿದರು ಎಂದ ಮಾತ್ರಕ್ಕೆ ಅವರು ಎಲ್ಲವನ್ನೂ ಮನ್ನಿಸುವ ಸಂತರಾಗಿರಲಿಲ್ಲ. ಹಿಂಸೆಗೆ ಮಣಿಯುವುದು ಬೇರೆ, ಸ್ವಂತ ಇಚ್ಛೆಯಿಂದ ಶತ್ರುವಿನ ಪರ ಪ್ರಚಾರಕ್ಕಿಳಿಯುವುದು ಬೇರೆ ಎಂಬ ಗೆರೆ ಅವರಲ್ಲಿ ಖಡಕ್ಕಾಗಿತ್ತು. ಹಾಗೆ ಮಾಡಿದರೆಂದು ಇಬ್ಬರು ಹಿರಿಯ ಅಧಿಕಾರಿಗಳ ಮೇಲೆ 1973ರಲ್ಲೇ ದೂರು ದಾಖಲಿಸಿದರು. ನೌಕಾಪಡೆ ವಿಚಾರಣೆ ನಡೆಸದೆ ಆ ದೂರನ್ನು ಕೈಬಿಟ್ಟಿತು. ನಿವೃತ್ತಿಯ ಮೇಲೆ ‘ಸಿಟಡೆಲ್’ ಎಂಬ ಮಿಲಿಟರಿ ಕಾಲೇಜಿನ ಮುಖ್ಯಸ್ಥರಾದರು. ಹೊಸ ವಿದ್ಯಾರ್ಥಿಗಳನ್ನು ಹಿರಿಯರು ರ‍್ಯಾಗಿಂಗ್ ಹೆಸರಿನಲ್ಲಿ ಹಿಂಸಿಸುವುದನ್ನು ತಡೆಯಹೊರಟಾಗ ಆಡಳಿತ ಮಂಡಳಿ ಜೊತೆಗೆ ನಿಲ್ಲಲಿಲ್ಲ. ವರ್ಷ ತುಂಬುವ ಹೊತ್ತಿಗೆ ರಾಜೀನಾಮೆ ಕೊಟ್ಟರು. ಹಿಂಸೆಯಿಂದ ಗಟ್ಟಿಗರಾಗುತ್ತಾರೆ ಎಂಬ ವಾದವನ್ನು ಅವರಿಗೆ ಯಾರೂ ಮಾರುವಂತಿರಲಿಲ್ಲ.

ಇಷ್ಟೆಲ್ಲ ಆದ ಮನುಷ್ಯನನ್ನು ಅಮೆರಿಕದ ಜನ ಬಹಳ ಕಾಲ ನೆನಪಿಟ್ಟುಕೊಂಡದ್ದು ಒಂದು ನಗೆಪಾಟಲಿಗಾಗಿ. 1992ರಲ್ಲಿ ಉದ್ಯಮಿ ರಾಸ್ ಪೆರೊ ಪಕ್ಷೇತರರಾಗಿ ಅಧ್ಯಕ್ಷ ಸ್ಥಾನಕ್ಕೆ ನಿಂತಾಗ ಉಪಾಧ್ಯಕ್ಷ ಅಭ್ಯರ್ಥಿಯಾಗಿ ಸ್ಟಾಕ್‌ಡೇಲ್ ಹೆಸರು ಕೊಟ್ಟರು. ಅಕ್ಟೋಬರ್ 13ರಂದು ಅಟ್ಲಾಂಟದಲ್ಲಿ ಅಲ್ ಗೋರ್, ಡ್ಯಾನ್ ಕ್ವೇಲ್ ಜೊತೆ ಟಿವಿ ಚರ್ಚೆ. ಸಿದ್ಧತೆಗೆ ಸಿಕ್ಕಿದ್ದು ಸುಮಾರು ಒಂದು ವಾರ. ಅವರು ಮಾತು ಶುರು ಮಾಡಿದ್ದೇ ‘ನಾನು ಯಾರು? ಇಲ್ಲಿ ಏಕಿದ್ದೇನೆ?’ ಎಂಬ ಪ್ರಶ್ನೆಯಿಂದ. ತತ್ವಶಾಸ್ತ್ರದ ಮೇಷ್ಟರ ಪೀಠಿಕೆ ಅದು. ಸಭೆ ನಕ್ಕಿತು. ಮುಂದೊಮ್ಮೆ ಕಿವಿಯ ಯಂತ್ರ ಆನ್ ಮಾಡಿರಲಿಲ್ಲ, ಪ್ರಶ್ನೆ ಮತ್ತೊಮ್ಮೆ ಹೇಳಿ ಎಂದರು. ಹಾಸ್ಯ ಕಾರ್ಯಕ್ರಮಗಳಿಗೆ ಅಷ್ಟೇ ಸಾಕಾಯಿತು. ಅಜ್ಜನಿಗೆ ತಾನೆಲ್ಲಿದ್ದೇನೆಂದೇ ಗೊತ್ತಿಲ್ಲ ಎಂಬಂತೆ ಚಿತ್ರಿಸಿದರು. ತೊಂಬತ್ತು ನಿಮಿಷದ ಟಿವಿ ಏಳೂವರೆ ವರ್ಷದ ಸೆರೆಮನೆಯನ್ನು ಅಳಿಸಿಹಾಕಿತು. ಚುರುಕಾಗಿ ಮಾತಾಡುವವನೇ ನಾಯಕ ಎಂದು ಟಿವಿ ಕಲಿಸಿದ ಪಾಠ ಅಲ್ಲಿಗಷ್ಟೇ ಸೀಮಿತವಲ್ಲ. ನಮ್ಮ ಚುನಾವಣೆಗಳಲ್ಲೂ ಅದನ್ನು ನೋಡುತ್ತಲೇ ಇದ್ದೇವೆ.

ಕೊನೆಗಾಲದಲ್ಲಿ ಮರೆವಿನ ಕಾಯಿಲೆ ಅವರನ್ನು ಆವರಿಸಿತು. 2005ರ ಜುಲೈ 5ರಂದು ಕೊರೊನಾಡೊದ ಮನೆಯಲ್ಲಿ ತೀರಿಕೊಂಡರು. ಅನಾಪೊಲಿಸ್‌ನ ಅಕಾಡೆಮಿಯ ಸ್ಮಶಾನದಲ್ಲಿ ಅವರ ಸಮಾಧಿಯಿದೆ. 2015ರಲ್ಲಿ ತೀರಿಕೊಂಡ ಸಿಬಿಲ್ ಕೂಡ ಅಲ್ಲೇ ಇದ್ದಾರೆ. ಸ್ಟಾಕ್‌ಡೇಲ್ ಹೆಸರಿನ ಯುದ್ಧನೌಕೆಯೊಂದು 2009ರಲ್ಲಿ ಸೇವೆಗೆ ಸೇರಿತು.

ಸ್ಟಾಕ್‌ಡೇಲ್ ಬದುಕಿನಿಂದ ಧೈರ್ಯದ ಪಾಠ ತೆಗೆಯುವವರು ತೆಗೆಯಲಿ. ಅವರಷ್ಟು ಧೈರ್ಯ ನಮ್ಮಲ್ಲಿ ಬಹುತೇಕರಿಗೆ ಬರುವಂಥದ್ದಲ್ಲ. ಆದರೆ ಅವರ ಕಾನೂನು ರಚನೆಯ ಪಾಠ ಯಾರಿಗಾದರೂ ಒಗ್ಗುತ್ತದೆ. ಶಾಲೆ, ಕಚೇರಿ, ಪಕ್ಷ, ಮನೆ ಎಲ್ಲೇ ಆಗಲಿ, ಯಾರೂ ಪಾಲಿಸಲಾಗದ ಉನ್ನತ ನಿಯಮವನ್ನು ಗೋಡೆಗೆ ತೂಗುಹಾಕಿದರೆ ಆಗುವುದು ಒಂದೇ: ಎಡವಿದವನು ಅದನ್ನು ಮುಚ್ಚಿಡುತ್ತಾನೆ, ಮುಚ್ಚಿಟ್ಟವನು ಒಂಟಿಯಾಗುತ್ತಾನೆ, ಒಂಟಿಯಾದವನು ಮತ್ತೆ ಎಡವುತ್ತಾನೆ. ಪರೀಕ್ಷೆಯಲ್ಲಿ ನಪಾಸಾದ ಹುಡುಗನಿಗೂ, ಸಾಲದಲ್ಲಿ ಸಿಕ್ಕಿಬಿದ್ದ ರೈತನಿಗೂ ಇದೇ ಆಗುತ್ತಿದೆ. ಎಲ್ಲಿಯವರೆಗೆ ಬಗ್ಗಬಹುದು, ಎಲ್ಲಿ ಬಗ್ಗಬಾರದು ಎಂಬುದನ್ನು ಮೊದಲೇ ಸ್ಪಷ್ಟವಾಗಿ ಹೇಳುವವನು, ಬಿದ್ದವನು ಬಂದು ಹೇಳಿಕೊಂಡಾಗ ನಾವೂ ಬಿದ್ದಿದ್ದೇವೆ, ಏಳು ಎನ್ನುವವನು ನಾಯಕ. ಉಳಿದವರು ಬರೀ ಮೇಲಧಿಕಾರಿಗಳು.